ಮರದ ಬೇರು ಎಷ್ಟು ಆಳ? ಪರಶುರಾಂಪುರದ ನೆಲದಲ್ಲಿ ಒಂದು ಲೆಕ್ಕ

ಮರ ನೆಲದ ಮೇಲೆ ಎಷ್ಟು ಎತ್ತರವೋ ನೆಲದೊಳಗೆ ಬೇರೂ ಅಷ್ಟೇ ಆಳ ಎಂದು ನಮ್ಮಲ್ಲಿ ಬಹಳ ಜನ ನಂಬಿದ್ದಾರೆ. ಚಳ್ಳಕೆರೆ ತಾಲ್ಲೂಕಿನ ಪರಶುರಾಂಪುರ ಹೋಬಳಿಯಲ್ಲಿ ಈ ನಂಬಿಕೆಗೆ ದುಡ್ಡಿನ ಸಂಬಂಧವೂ ಉಂಟು. ಬೋರ್ ಕೊರೆಸಿ ಸಾಲ ಮಾಡಿಕೊಂಡವರು ಮನೆಗೊಬ್ಬರಂತೆ ಸಿಗುವ ಸೀಮೆ ಇದು. ಹಾಗಾಗಿ ಬೇರಿನ ಮಾತು ಬಂದರೆ ಮೊದಲು ಕೇಳುವ ಪ್ರಶ್ನೆ ಒಂದೇ: "ಬೋರಿನ ಪಕ್ಕ ಹುಣಸೆ ಮರ ಬಿಟ್ರೆ ಇರೋ ನೀರ್ನೆಲ್ಲಾ ಅದೇ ಕುಡ್ಕಂಡ್ ಬಿಡ್ತೈತಾ?"

ಕುಡಿಯುವುದಿಲ್ಲ. ಯಾಕೆ ಕುಡಿಯುವುದಿಲ್ಲ ಎನ್ನುವುದಕ್ಕೆ ಬೇರು ಹೇಗೆ ಇಳಿಯುತ್ತದೆ, ಎಲ್ಲಿ ನಿಲ್ಲುತ್ತದೆ ಎಂಬುದನ್ನು ನೋಡಬೇಕು. ಎತ್ತರಕ್ಕೂ ಆಳಕ್ಕೂ ಸಮ ಎಂಬ ಮಾತು ಸುಳ್ಳು ಎನ್ನುವುದು ಆಗ ತಾನಾಗಿಯೇ ತಿಳಿಯುತ್ತದೆ.

ಪ್ರಪಂಚದಲ್ಲಿ ಬೇರಿನ ಆಳ ನೋಡಲೆಂದು ಹೆಚ್ಚು ಅಗೆದಿರುವ ಮರಗಳಲ್ಲಿ ಪೈನ್ ಒಂದು. ಅದು ನಮ್ಮ ಮರವಲ್ಲ. ಭಾರತದಲ್ಲಿ ಅದು ತಾನಾಗಿ ಬೆಳೆಯುವುದು ಹಿಮಾಲಯದ ಸಾಲಿನಲ್ಲಿ ಮತ್ತು ಈಶಾನ್ಯದ ಖಾಸಿ ಬೆಟ್ಟಗಳ ಕಡೆ. ಊಟಿ, ಕೊಡೈಕೆನಾಲ್‌ಗಳಲ್ಲಿ ಸಿನಿಮಾದವರು ಹಾಡು ಚಿತ್ರೀಕರಿಸುವ ಪೈನ್ ತೋಪುಗಳು ನೆಟ್ಟು ಬೆಳೆಸಿದವು. ಬಯಲುಸೀಮೆಯಲ್ಲಿ ಕೆಲವರು ಪೈನ್ ಎಂದು ತೋರಿಸುವುದು ಸಾಮಾನ್ಯವಾಗಿ ಗಾಳಿ ಮರವನ್ನು. ಸೂಜಿಯಂಥ ಎಲೆ ಕಂಡು ಹಾಗೆ ಅಂದುಕೊಳ್ಳುತ್ತಾರೆ, ಆದರೆ ಅದರಲ್ಲಿ ಸೂಜಿಯಂತೆ ಕಾಣುವುದು ಎಲೆಯಲ್ಲ, ಗೆಣ್ಣುಗೆಣ್ಣಾದ ಸಣ್ಣ ರೆಂಬೆ. ಪೈನ್ ಜಾತಿಗೂ ಅದಕ್ಕೂ ನೆಂಟಸ್ತಿಕೆ ಇಲ್ಲ.

ಪೈನ್ ಬೀಜ ಮೊಳೆತಾಗ ಮೊದಲು ಒಂದು ತಾಯಿಬೇರು ನೇರ ಕೆಳಗೆ ಹೊರಡುತ್ತದೆ. ಕೆಲವು ವರ್ಷ ಅದೇ ಮುಂದು. ಆಮೇಲೆ ಪಕ್ಕದ ಬೇರುಗಳು ದಪ್ಪವಾಗಿ, ಮರದ ನೆರಳು ದಾಟಿ ಎಷ್ಟೋ ದೂರ ಹರಡಿಕೊಳ್ಳುತ್ತವೆ. ಅವುಗಳಿಂದ ಅಲ್ಲಲ್ಲಿ ಇಳಿಬೇರುಗಳು ಕೆಳಕ್ಕೆ ಹೋಗುತ್ತವೆ. ಸಾಧಾರಣ ನೆಲದಲ್ಲಿ ಐವತ್ತು ಅರವತ್ತು ಅಡಿ ಎತ್ತರದ ಪೈನ್ ಮರಕ್ಕೂ ಹೆಚ್ಚಿನ ಬೇರು ಮೇಲಿನ ಎರಡು ಮೂರು ಅಡಿಯಲ್ಲೇ ಇರುತ್ತದೆ. ತಾಯಿಬೇರು ಆರೇಳು ಅಡಿ ದಾಟಿದರೆ ಹೆಚ್ಚು. ಅದೇ ಕುಲದ ಪಾಂಡೆರೋಸಾ ಪೈನ್ ಅಮೆರಿಕದ ಬಿರುಕು ಬಿಟ್ಟ ಬಂಡೆ ನೆಲದಲ್ಲಿ 24 ಮೀಟರ್, ಅಂದರೆ ಸುಮಾರು 80 ಅಡಿ ಇಳಿದ ದಾಖಲೆಯೂ ಇದೆ. ಒಂದೇ ಕುಲದೊಳಗೆ ಒಂದು ಕಡೆ ಆರಡಿ, ಇನ್ನೊಂದು ಕಡೆ ಎಂಬತ್ತು ಅಡಿ. ಆಳ ಎಷ್ಟೆಂದು ತೀರ್ಮಾನ ಮಾಡಿದ್ದು ನೆಲ, ಮರ ಅಲ್ಲ.

ನೆಲ ಹೇಗೆ ತೀರ್ಮಾನ ಮಾಡುತ್ತದೆ? ಬೇರು ಉದ್ದವಾಗುವುದು ಅದರ ತುದಿಯ ಹಿಂದಿನ ಕೆಲವೇ ಮಿಲಿಮೀಟರ್ ಜಾಗದಲ್ಲಿ. ತುದಿಗೆ ಒಂದು ಟೊಪ್ಪಿಗೆ ಇರುತ್ತದೆ. ಮಣ್ಣಿಗೆ ಉಜ್ಜಿ ಅದರ ಹೊರಪದರ ಸವೆದು ಉದುರುತ್ತದೆ, ಒಳಗಿನಿಂದ ಹೊಸದು ಬರುತ್ತದೆ, ಲೋಳೆಯೂ ಸುರಿಯುತ್ತದೆ. ಆ ಟೊಪ್ಪಿಗೆಯೊಳಗೆ ಭಾರವಾದ ಪಿಷ್ಟದ ಕಣಗಳಿವೆ. ಅವು ಕೋಶದಲ್ಲಿ ಯಾವ ಕಡೆ ಕೂರುತ್ತವೋ ಆ ಕಡೆಯೇ ಕೆಳಗೆ ಎಂಬುದು ಬೇರಿಗೆ ಗೊತ್ತಾಗುತ್ತದೆ. ಕೋಶಗಳು ನೀರು ಹೀರಿ ಉಬ್ಬುವ ಒತ್ತಡದಿಂದಲೇ ತುದಿ ಮಣ್ಣನ್ನು ನೂಕುತ್ತದೆ. ಈ ಒತ್ತಡ ಹೆಚ್ಚೆಂದರೆ ವಾತಾವರಣದ ಒತ್ತಡದ ಹತ್ತರಷ್ಟು. ಮಣ್ಣು ಅದಕ್ಕಿಂತ ಗಟ್ಟಿಯಾಗಿದ್ದರೆ ತುದಿ ನಿಲ್ಲುತ್ತದೆ, ಇಲ್ಲವೇ ಪಕ್ಕಕ್ಕೆ ತಿರುಗಿ ಬಿರುಕು ಸಿಕ್ಕ ಕಡೆ ನುಗ್ಗುತ್ತದೆ. ಹಳೆಯ ಬೇರು ಕೊಳೆತ ಹಾದಿ, ಗೆದ್ದಲು ಕೊರೆದ ಸುರಂಗ, ಎರೆಹುಳದ ಬಿಲ ಸಿಕ್ಕರೆ ಅದಕ್ಕೆ ಅದೇ ರಸ್ತೆ.

ಎರಡನೆಯದು ಗಾಳಿ. ಬೇರು ಉಸಿರಾಡುತ್ತದೆ. ನೀರು ತುಂಬಿ ಗಾಳಿ ಹೊರಹೋದ ಮಣ್ಣಿನಲ್ಲಿ ಹೆಚ್ಚಿನ ಮರಗಳ ಬೇರು ಕೊಳೆಯುತ್ತದೆ. ನೀರಿನ ಮಟ್ಟ ಮುಟ್ಟಿದ ಮೇಲೆ ಬೇರು ಅದರೊಳಗೆ ಮುಳುಗಿ ಇಳಿಯದೆ ಅದರ ಮೇಲಿನ ತೇವದ ಪದರದಲ್ಲೇ ನಿಲ್ಲುವುದು ಇದೇ ಕಾರಣಕ್ಕೆ.

ಮೂರನೆಯದೇ ನಮ್ಮ ಸೀಮೆಗೆ ಮುಖ್ಯವಾದದ್ದು: ತೇವ. ಬೇರಿಗೆ ದೂರದ ನೀರು ಗೊತ್ತಾಗುವುದಿಲ್ಲ. ನೂರಡಿ ಕೆಳಗೆ ನೀರಿದೆ ಎಂದು ಯಾವ ಮರಕ್ಕೂ ತಿಳಿಯದು. ತುದಿಗೆ ತಾಗುವ ಮಣ್ಣಿನಲ್ಲಿ ಹದ ಇದ್ದರೆ ಮುಂದಕ್ಕೆ ಬೆಳೆಯುತ್ತದೆ, ಪುಡಿಪುಡಿ ಒಣಗಿದ್ದರೆ ನಿಲ್ಲುತ್ತದೆ. ನೀರು ಹುಡುಕಿಕೊಂಡು ಬೇರು ಹೋಗುತ್ತದೆ ಎನ್ನುತ್ತೇವಲ್ಲ, ನಡೆಯುವುದು ಅದರ ತಿರುಗುಮುರುಗು: ನೀರು ಹೋದ ದಾರಿಯಲ್ಲಿ ಬೇರು ಹೋಗುತ್ತದೆ. ಮಳೆ ಮೂರಡಿ ಇಳಿದು, ಅದರ ಕೆಳಗೆ ಹತ್ತಡಿ ಒಣಮಣ್ಣು, ಅದರ ಕೆಳಗೆ ನೀರು ಇದ್ದರೆ ಆ ಹತ್ತಡಿ ದಾಟುವ ಶಕ್ತಿ ಬೇರಿಗಿಲ್ಲ.

ಇಷ್ಟನ್ನು ಮನಸ್ಸಿನಲ್ಲಿಟ್ಟುಕೊಂಡು ಪರಶುರಾಂಪುರದ ನೆಲ ನೋಡೋಣ. ಚಳ್ಳಕೆರೆ ರಾಜ್ಯದ ಅತಿ ಕಡಿಮೆ ಮಳೆಯ ತಾಲ್ಲೂಕುಗಳಲ್ಲಿ ಒಂದು. ವರ್ಷಕ್ಕೆ ಸುಮಾರು 450ರಿಂದ 500 ಮಿಲಿಮೀಟರ್, ಅದರಲ್ಲೂ ಒಳ್ಳೆಯ ಪಾಲು ಸೆಪ್ಟೆಂಬರ್, ಅಕ್ಟೋಬರ್‌ನಲ್ಲಿ. ಬಿಸಿಲಿಗೂ ಗಾಳಿಗೂ ಆವಿಯಾಗಿ ಹೋಗಬಲ್ಲ ನೀರು ಇದರ ಮೂರು ಪಟ್ಟಿಗೂ ಹೆಚ್ಚು. ಶೇಂಗಾ ಬಿತ್ತುವ ಕೆಂಪು ನೆಲದಲ್ಲಿ ಮೇಲೆ ಮರಳು ಬೆರೆತ ತೆಳು ಮಣ್ಣು, ಒಂದೆರಡು ಅಡಿ ಕೆಳಗೆ ಗರಸು, ಅದರ ಕೆಳಗೆ ಅರ್ಧ ಕೊಳೆತ ಬಂಡೆ, ಆಮೇಲೆ ಗಟ್ಟಿ ಬಂಡೆ. ಕೆಲವು ಕಡೆ ಗರಸಿನ ನಡುವೆ ಬಿಳಿ ಸುಣ್ಣದ ಗಂಟುಗಳು ಸೇರಿ ಹಾಸಾಗಿ ಕೂತಿರುತ್ತವೆ. ಹಾರೆ ಹಾಕಿದರೆ ಟಣ್ ಎನ್ನುತ್ತದೆ. ತಗ್ಗಿನ ಕಡೆ ಎರೆ ಭೂಮಿ. ವೇದಾವತಿಯ ಎರಡೂ ದಡದಲ್ಲಿ ಹೊಳೆ ತಂದು ಹಾಕಿದ ಮರಳು ಮತ್ತು ಮೆಕ್ಕಲು. ಒಂದೇ ಹೋಬಳಿಯಲ್ಲಿ ಒಂದೇ ಜಾತಿಯ ಬೇವು ಈ ಮೂರು ನೆಲದಲ್ಲಿ ಮೂರು ಥರ ಬೇರು ಬಿಡುತ್ತದೆ.

ಕೆಂಪು ನೆಲದ ಲೆಕ್ಕ ಹೀಗೆ. ಇಂಥ ಮರಳುಮಿಶ್ರಿತ ಮಣ್ಣು ಒಂದು ಮೀಟರ್ ಆಳಕ್ಕೆ ಸುಮಾರು 100 ಮಿಲಿಮೀಟರ್ ಮಳೆಯನ್ನು ಗಿಡಕ್ಕೆ ಸಿಗುವಂತೆ ಹಿಡಿದುಕೊಳ್ಳಬಲ್ಲದು. ಅಂದರೆ ಒಣಗಿದ ಹೊಲಕ್ಕೆ ಒಂದು ಅಂಗುಲ ಮಳೆ ಬಿದ್ದರೆ ತೇವ ಇಳಿಯುವುದು ಮುಕ್ಕಾಲು ಅಡಿ, ಹೆಚ್ಚೆಂದರೆ ಒಂದಡಿ. ನಾಲ್ಕು ದಿನ ಬಿಸಿಲು ಬಂದರೆ ಮೇಲಿನ ಗೇಣು ಮತ್ತೆ ಒಣಗುತ್ತದೆ. ಹೀಗೆ ಬಿಟ್ಟುಬಿಟ್ಟು ಬೀಳುವ ಮಳೆಯಲ್ಲಿ ಎಷ್ಟೋ ವರ್ಷ ತೇವ ಮೂರಡಿ ದಾಟುವುದೇ ಇಲ್ಲ. ಶೇಂಗಾಕ್ಕೆ ಅಷ್ಟು ಸಾಕು, ಅದರ ಹೆಚ್ಚಿನ ಬೇರು ಮೇಲಿನ ಒಂದೂವರೆ ಅಡಿಯಲ್ಲಿ ಕೆಲಸ ಮಾಡುತ್ತದೆ. ಮರಕ್ಕೆ ಸಾಲದು. ಮರ ಇಲ್ಲಿ ಆಳಕ್ಕೆ ಹೋಗುವುದು ಹಿಂಗಾರು ಕಟ್ಟಿ ಸುರಿದ ವರ್ಷಗಳಲ್ಲಿ. ಅಂಥ ವರ್ಷ ಗರಸು ತೋಯ್ದು, ನೀರು ಬಂಡೆಯ ಬಿರುಕಿಗೆ ಇಳಿಯುತ್ತದೆ. ಅದರ ಹಿಂದೆ ಬೇರೂ ಇಳಿಯುತ್ತದೆ. ಒಮ್ಮೆ ಬಿರುಕು ಹೊಕ್ಕ ಬೇರು ಅಲ್ಲಿ ಕೂದಲಿನಷ್ಟು ತೆಳ್ಳಗಿದ್ದರೂ ಬದುಕಿರುತ್ತದೆ, ಮುಂದಿನ ಒಳ್ಳೆಯ ಮಳೆಗೆ ಅಲ್ಲಿಂದ ಮುಂದಕ್ಕೆ ಹೊರಡುತ್ತದೆ.

ಈ ಬಂಡೆಯ ಮೇಲೆ ಮರಗಳು ಎಷ್ಟು ಕೆಳಗಿನಿಂದ ನೀರೆತ್ತುತ್ತವೆ ಎಂಬುದಕ್ಕೆ ಕರ್ನಾಟಕದಲ್ಲೇ ಒಂದು ಒಳ್ಳೆಯ ಉದಾಹರಣೆ ಇದೆ. ಬಂಡೀಪುರ ಕಾಡಿನ ಮೂಲೆಹೊಳೆಯಲ್ಲಿ ಭಾರತೀಯ ವಿಜ್ಞಾನ ಸಂಸ್ಥೆಯವರೂ ಫ್ರಾನ್ಸಿನ ಸಂಶೋಧಕರೂ ಸೇರಿ ಸುಮಾರು 4 ಚದರ ಕಿಲೋಮೀಟರಿನ ಒಂದು ಹಳ್ಳದ ಜಲಾನಯನವನ್ನು ವರ್ಷಗಟ್ಟಲೆ ಅಳೆದಿದ್ದಾರೆ. ಅಲ್ಲಿಯೂ ಅಡಿಯಲ್ಲಿರುವುದು ನಮ್ಮ ಕಡೆಯಂಥ ನೈಸ್ ಬಂಡೆಯೇ. ಮಳೆ ಮಾತ್ರ ನಮ್ಮ ಎರಡು ಪಟ್ಟಿಗೂ ಹೆಚ್ಚು. ಮಣ್ಣಿನ ಕೆಳಗೆ ಹಲವು ಮೀಟರ್ ದಪ್ಪದ ಕೊಳೆತ ಬಂಡೆಯ ಪದರ ಇದೆಯಲ್ಲ, ಮಳೆನೀರಿನ ದೊಡ್ಡ ಪಾಲು ಅಲ್ಲೇ ಉಳಿದು, ಬೇಸಿಗೆಯಲ್ಲಿ ಕಾಡಿನ ಮರಗಳು ಅದನ್ನೇ ಎತ್ತಿ ಬಳಸುತ್ತವೆ, ಅಂತರ್ಜಲಕ್ಕೆ ಸೇರುವುದು ಸ್ವಲ್ಪ ಎಂಬುದು ಅವರು ಕಂಡುಕೊಂಡ ಸಂಗತಿ. ನಾವು ಗರಸು ಎಂದು ರಸ್ತೆಗೆ ಸುರಿಯುವ ಆ ಪದರವೇ ಮರಗಳ ಉಗ್ರಾಣ.

ಅದರ ಪಕ್ಕದ ಮುದುಮಲೆಯಲ್ಲಿ ಇನ್ನೊಂದು ಕೆಲಸ ನಡೆದಿದೆ. ಅಲ್ಲಿ ಭಾರತೀಯ ವಿಜ್ಞಾನ ಸಂಸ್ಥೆ 1988ರಿಂದ 50 ಹೆಕ್ಟೇರ್ ಕಾಡಿನಲ್ಲಿ ಒಂದೊಂದು ಮರವನ್ನೂ ಲೆಕ್ಕವಿಟ್ಟು ಅಳೆಯುತ್ತ ಬಂದಿದೆ. ಈ ದಾಖಲೆಯನ್ನು ಇಟ್ಟುಕೊಂಡು ಮಾಡಿದ ಅಧ್ಯಯನ 2018ರಲ್ಲಿ ಪ್ರಕಟವಾಯಿತು. ಆಳಬೇರಿನ ಮರಗಳು ಬರವನ್ನು ತಡೆಯುತ್ತವೆ ಎಂದು ನಾವೆಲ್ಲ ಅಂದುಕೊಂಡಿದ್ದೇವೆ. ಒಂದೆರಡು ವರ್ಷದ ಬರಕ್ಕೆ ಆ ಮಾತು ನಿಜ. ಆದರೆ ಬರ ವರ್ಷಗಟ್ಟಲೆ ಎಳೆದಾಗ, ಆಳದ ತೇವ ಖಾಲಿಯಾಗಿ, ಹೆಚ್ಚು ಸತ್ತದ್ದು ಆಳಬೇರಿನ ಜಾತಿಗಳೇ. ಮೇಲಿನ ಮಣ್ಣಿಗೆ ಒಂದು ಮಳೆ ಸಾಕು, ಆಳದ ಪದರ ಮತ್ತೆ ತುಂಬಬೇಕಾದರೆ ಒಳ್ಳೆಯ ವರ್ಷಗಳೇ ಬೇಕು. ಆಳಬೇರು ಉಳಿತಾಯದ ಖಾತೆ ಇದ್ದ ಹಾಗೆ, ಜಮಾ ಇಲ್ಲದೆ ತೆಗೆಯುತ್ತಲೇ ಹೋದರೆ ಒಂದು ದಿನ ಬರಿದಾಗುತ್ತದೆ. ಚಳ್ಳಕೆರೆಯಂಥ ಕಡೆ ಹಳೆಯ ಹುಣಸೆ ಮರಗಳು ಬರದ ಮೊದಲ ವರ್ಷ ಹಸಿರಾಗಿಯೇ ಇದ್ದು, ಬರ ಮುಗಿಯುವ ಹೊತ್ತಿಗೆ ತುದಿಯಿಂದ ಒಣಗತೊಡಗುವುದನ್ನು ನಾನು ಈ ದೃಷ್ಟಿಯಿಂದಲೇ ಈಗ ನೋಡುತ್ತೇನೆ.

ಈಗ ದಾಖಲೆಗಳ ಕಡೆ ಬರೋಣ, ಏಕೆಂದರೆ ಅದರಲ್ಲಿ ನಮ್ಮ ಊರಿನ ಶತ್ರುವೊಬ್ಬ ಇದ್ದಾನೆ: ಬಳ್ಳಾರಿ ಜಾಲಿ. ಅಮೆರಿಕದ ಅರಿಜೋನಾದಲ್ಲಿ ಟೂಸಾನ್ ಊರಿನ ಹತ್ತಿರ ತಾಮ್ರದ ಗಣಿಗೆ ನೆಲ ತೋಡಿದಾಗ ಇದೇ ಕುಲದ ಜಾಲಿಯ ಬೇರು 53 ಮೀಟರ್ ಆಳದಲ್ಲಿ, ಅಂದರೆ ಸುಮಾರು 175 ಅಡಿಯಲ್ಲಿ ಸಿಕ್ಕಿತು. 1963ರಲ್ಲಿ ಅದು ಪ್ರಕಟವಾಯಿತು. ಆಫ್ರಿಕಾದ ಕಲಹರಿ ಮರುಭೂಮಿಯಲ್ಲಿ ಬೋರ್ ಕೊರೆಯುವಾಗ ಬೋಸಿಯಾ ಎಂಬ ಮರದ ಬೇರು 68 ಮೀಟರ್ ಆಳದಲ್ಲಿ ಸಿಕ್ಕಿದೆ. ದಕ್ಷಿಣ ಆಫ್ರಿಕಾದ ಎಕೋ ಗವಿಗಳ ಹತ್ತಿರದ ಒಂದು ಕಾಡು ಅತ್ತಿಯ ಬೇರನ್ನು 120 ಮೀಟರ್ ಎಂದು ಬರೆದಿದ್ದಾರೆ. ಇವು ಕೇಳಲು ಚೆನ್ನ. ಇವನ್ನು ನಂಬಿ ನಮ್ಮ ಹೊಲದ ಮರವೂ ಹಾಗೇ ಎಂದುಕೊಂಡರೆ ಮೋಸ ಹೋಗುತ್ತೇವೆ.

1996ರಲ್ಲಿ ಜೋಸೆಪ್ ಕನಡೆಲ್ ಮತ್ತು ಸಂಗಡಿಗರು ಪ್ರಪಂಚದ ಬೇರೆಬೇರೆ ಕಡೆ ಅಳೆದ 253 ಜಾತಿಗಳ ಆಳವನ್ನು ಒಟ್ಟುಹಾಕಿದರು. ಮರಗಳ ಸರಾಸರಿ ಗರಿಷ್ಠ ಆಳ 7 ಮೀಟರ್, ಅಂದರೆ 23 ಅಡಿ. ಪೊದೆಗಳದ್ದು 5 ಮೀಟರ್, ಬೆಳೆಗಳದ್ದು 2 ಮೀಟರ್. ಉತ್ತರದ ಚಳಿಯ ಕಾಡುಗಳಲ್ಲಿ, ಪೈನ್‌ನಂಥ ಮರಗಳ ನೆಲೆಯಲ್ಲಿ, ಸರಾಸರಿ ಬರೀ 2 ಮೀಟರ್. ಎಲೆ ಉದುರುವ ಉಷ್ಣವಲಯದ ಕಾಡುಗಳಲ್ಲಿ 3.7 ಮೀಟರ್. ನಡುನಡುವೆ ಮರವಿರುವ ಉಷ್ಣವಲಯದ ಹುಲ್ಲುಗಾವಲುಗಳಲ್ಲಿ ಮಾತ್ರ 15 ಮೀಟರ್. ಗಮನಿಸಬೇಕಾದದ್ದು ಇದು: ಗರಿಷ್ಠ ಆಳ ಎಷ್ಟೇ ಇರಲಿ, ಪ್ರಪಂಚದ ಒಟ್ಟು ಬೇರಿನ ಮುಕ್ಕಾಲು ಪಾಲು ಮೇಲಿನ 40 ಸೆಂಟಿಮೀಟರಿನಲ್ಲಿದೆ. ಗೊಬ್ಬರವೂ ಗಾಳಿಯೂ ಇರುವುದು ಅಲ್ಲೇ. ಆಳದ ಬೇರುಗಳು ಎಣಿಕೆಯಲ್ಲಿ ಕೆಲವೇ, ಅವುಗಳ ಕೆಲಸ ಬೇಸಿಗೆಗೆ.

ಬಳ್ಳಾರಿ ಜಾಲಿ ಎಲ್ಲ ಕಡೆಯೂ 175 ಅಡಿ ಹೋಗುತ್ತದೆ ಎಂದಲ್ಲ. ಬಂಡೆ ಅಡ್ಡ ಬಂದರೆ ಅದರ ಬೇರೂ ಪಕ್ಕಕ್ಕೆ ತಿರುಗುತ್ತದೆ. ಒಣಗಿದ ವರ್ಷಗಳಲ್ಲಿ ವೇದಾವತಿಯ ಒಡಲೊಳಗೇ ಅದು ಸೊಂಪಾಗಿ ಹಬ್ಬುವುದಕ್ಕೆ ಕಾರಣ ಅಲ್ಲಿ ಮರಳಿನ ಕೆಳಗೆ ತೇವ ಹತ್ತಿರದಲ್ಲೇ ಇರುವುದು. ಮರಳಿನಲ್ಲಿ ಗಾಳಿಯಾಡುತ್ತದೆ, ಬೇರಿಗೆ ತಡೆಯಿಲ್ಲ, ಹೊಳೆ ಬತ್ತುತ್ತ ನೀರು ಇಳಿದಂತೆ ಬೇರೂ ಹಿಂದೆಯೇ ಇಳಿಯುತ್ತದೆ. ಅಮೆರಿಕದ ಹೊಳೆದಡದ ಮರಗಳ ಸಸಿಗಳ ಮೇಲೆ ಮಾಡಿದ ಪರೀಕ್ಷೆಗಳಲ್ಲಿ ನೀರು ದಿನಕ್ಕೆ ಒಂದು ಅಂಗುಲದವರೆಗೆ ಇಳಿದರೆ ಎಳೆಯ ಬೇರು ಅದರ ಜೊತೆ ಸಾಗಬಲ್ಲದು ಎಂದು ಕಂಡಿದೆ. ಅದಕ್ಕಿಂತ ಬೇಗ ಇಳಿದರೆ ಸಸಿ ಸಾಯುತ್ತದೆ. ಮರಳು ಬಗೆದು, ಮೋಟರ್ ಹಚ್ಚಿ ಹೊಳೆಯ ನೀರನ್ನು ಒಂದೇ ಸಲ ಕೆಳಗಿಳಿಸಿದ ದಡಗಳಲ್ಲಿ ಹೊಂಗೆ, ಮತ್ತಿಗಳ ಹೊಸ ಸಸಿ ಏಳದೆ ಇರುವುದಕ್ಕೆ ಇದೂ ಒಂದು ಕಾರಣ.

ವೇದಾವತಿಗೆ ಕಟ್ಟಿದ ವಾಣಿವಿಲಾಸ ಸಾಗರ 1933ರಲ್ಲಿ ಕೋಡಿ ಬಿದ್ದ ಮೇಲೆ ಮತ್ತೆ ಕೋಡಿ ಹರಿದದ್ದು 2022ರ ಸೆಪ್ಟೆಂಬರ್‌ನಲ್ಲಿ. ಆ ನೀರು ಹಿರಿಯೂರು ದಾಟಿ ಪರಶುರಾಂಪುರದ ಮುಂದೆಯೇ ಆಂಧ್ರದ ಭೈರವಾನಿತಿಪ್ಪ ಜಲಾಶಯದ ಕಡೆ ಹರಿಯಿತು. ಅಂಥ ಹರಿವು, ಈಚೆಗೆ ಹೊಳೆಗೆ ಅಡ್ಡ ಕಟ್ಟಿದ ಬ್ಯಾರೇಜ್‌ಗಳಲ್ಲಿ ನಿಂತ ನೀರು, ದಡದ ಮರಗಳ ಬೇರಿಗೆ ಹತ್ತು ವರ್ಷದ ಹಣೆಬರಹ ಬರೆಯುತ್ತದೆ. ನೀರು ನಿಂತು ನಿಧಾನವಾಗಿ ಇಂಗಿದ ಕಡೆ ಬೇರು ಆಳಕ್ಕೆ ಹೋಗುತ್ತದೆ.

ಈಗ ಬೋರಿನ ಪ್ರಶ್ನೆಗೆ ಉತ್ತರ ಸುಲಭ. ಹಿಂದೆ ತೆರೆದ ಬಾವಿಗಳಲ್ಲಿ ಮೂವತ್ತು ನಲವತ್ತು ಅಡಿಗೆ ನೀರು ಸಿಗುತ್ತಿದ್ದಾಗ ಮರಗಳೂ ನಾವೂ ಕುಡಿಯುತ್ತಿದ್ದದ್ದು ಒಂದೇ ನೀರನ್ನು. ಹಾಳುಬಿದ್ದ ಬಾವಿಗಳ ಒಳಗೋಡೆಯಲ್ಲಿ ಕಲ್ಲಿನ ಸಂದಿಯಿಂದ ಇಳಿಬಿದ್ದ ಅರಳಿ, ಅತ್ತಿಯ ಬೇರುಗಳನ್ನು ಈಗಲೂ ನೋಡಬಹುದು. ಬೇರಿನ ಬಗ್ಗೆ ತಿಳಿಯಬೇಕಾದವರು ಮೊದಲು ಇಣುಕಬೇಕಾದ ಜಾಗ ಅದು. ಈಗಿನ ಬೋರ್ ಐದುನೂರು, ಏಳುನೂರು ಅಡಿಯಿಂದ, ಗಟ್ಟಿ ಬಂಡೆಯ ಸೀಳಿನಿಂದ ನೀರೆತ್ತುತ್ತದೆ. ಹುಣಸೆಯ ಬೇರಿಗೂ ಆ ನೀರಿಗೂ ಭೇಟಿಯೇ ಇಲ್ಲ. ದೊಡ್ಡ ಮರವೊಂದು ದಿನಕ್ಕೆ ನೂರು ಲೀಟರಿನ ಆಸುಪಾಸು ನೀರು ಬಿಡಬಹುದು. ಬೋರ್ ಅಷ್ಟನ್ನು ಎತ್ತಲು ಕೆಲವು ನಿಮಿಷ ಸಾಕು. ನೀರು ಕಳೆದುಕೊಂಡದ್ದು ಬೋರಲ್ಲ, ಮರ. ಮರ ಮುಟ್ಟುತ್ತಿದ್ದ ಮಟ್ಟದಿಂದ ನೀರನ್ನು ನಾವೇ ಕೆಳಗೆ ಎಳೆದುಕೊಂಡೆವು.

ಆಳಬೇರಿನ ಮರದಿಂದ ಸುತ್ತಲಿನ ಗಿಡಕ್ಕೆ ಒಂದು ಉಪಕಾರವೂ ಇದೆ. ರಾತ್ರಿ ಎಲೆಯ ರಂಧ್ರಗಳು ಮುಚ್ಚಿದಾಗ ನೀರು ಮೇಲಕ್ಕೆ ಹೋಗುವುದು ನಿಲ್ಲುತ್ತದೆ. ಆಗ ಕೆಳಗಿನ ತೇವದ ಪದರದಿಂದ ಬೇರಿನೊಳಗೆ ಬಂದ ನೀರು ಮೇಲಿನ ಒಣಮಣ್ಣಿಗೆ ಒಸರುತ್ತದೆ. ಒಣಮಣ್ಣಿನ ಎಳೆತ ಹೆಚ್ಚು, ಅಷ್ಟೇ ಕಾರಣ. ಇದನ್ನು 1987ರಲ್ಲಿ ಅಮೆರಿಕದ ರಿಚರ್ಡ್ಸ್ ಮತ್ತು ಕಾಲ್ಡ್‌ವೆಲ್ ಎಂಬಿಬ್ಬರು ಒಣಸೀಮೆಯ ಪೊದೆಯೊಂದರಲ್ಲಿ ತೋರಿಸಿದರು. ಆಮೇಲೆ ಎಷ್ಟೋ ಮರಗಳಲ್ಲಿ ಕಂಡಿದೆ. ಮಳೆ ಬಂದಾಗ ಇದೇ ಬೇರು ಮೇಲಿನ ನೀರನ್ನು ಕೆಳಕ್ಕೂ ಸಾಗಿಸುತ್ತದೆ. ಹಾಗೆಂದು ಮರದ ಬುಡದಲ್ಲೇ ಬೆಳೆ ಚೆನ್ನಾಗಿ ಬರುತ್ತದೆ ಎಂದು ಯಾರೂ ಹೇಳಬೇಡಿ, ನೆರಳು ಮತ್ತು ಮೇಲುಬೇರಿನ ಪೈಪೋಟಿ ಇದ್ದೇ ಇದೆ. ಬದುವಿನ ಬೇವಿನ ಪಕ್ಕದ ಎರಡು ಸಾಲು ಶೇಂಗಾ ಸೊರಗುವುದು ರೈತರಿಗೆ ಗೊತ್ತಿರುವ ಮಾತೇ.

ತೆಂಗು, ಅಡಿಕೆಯ ಕಥೆ ಬೇರೆ. ಇವಕ್ಕೆ ತಾಯಿಬೇರೇ ಇಲ್ಲ. ಬುಡದ ಬೊಡ್ಡೆಯಿಂದ ಒಂದೇ ದಪ್ಪದ ಸಾವಿರಾರು ಬೇರು ಹೊರಡುತ್ತವೆ. ಅವು ಮರ ಬೆಳೆದಂತೆ ದಪ್ಪವಾಗುವುದಿಲ್ಲ. ತೆಂಗಿನ ಹೆಚ್ಚಿನ ಬೇರು ಬುಡದಿಂದ ಆರು ಅಡಿ ದೂರದೊಳಗೆ, ಮೇಲಿನ ನಾಲ್ಕೈದು ಅಡಿಯಲ್ಲಿ ಇರುತ್ತದೆ. ಅಡಿಕೆಯದ್ದು ಇನ್ನೂ ಮೇಲೆ, ಎರಡು ಮೂರು ಅಡಿಯಲ್ಲೇ. ಅರವತ್ತು ಅಡಿ ಎತ್ತರದ ತೆಂಗಿಗೆ ಐದಡಿ ಬೇರು. ಎತ್ತರದಷ್ಟೇ ಆಳ ಎನ್ನುವವರಿಗೆ ಇದೊಂದೇ ಉತ್ತರ ಸಾಕು. 2016ರ ಆಸುಪಾಸಿನ ಬರದಲ್ಲಿ ಹಿರಿಯೂರಿನ ಸುತ್ತಮುತ್ತ ತೆಂಗಿನ ತೋಟಗಳು ಸುಳಿ ಒಣಗಿ ಬೋಳಾಗಿ ನಿಂತಿದ್ದವು. ಅದೇ ತೋಟದ ಬೇಲಿಯಲ್ಲಿದ್ದ ಬೇವು ಹಸಿರಾಗಿತ್ತು. ಬೋರಿನ ನೀರಿನ ಭರವಸೆಯ ಮೇಲೆ ಈಗ ಚಿತ್ರದುರ್ಗದ ಒಣ ತಾಲ್ಲೂಕುಗಳಲ್ಲೂ ಅಡಿಕೆ ಹಾಕುತ್ತಿದ್ದಾರೆ. ಬೇರಿನ ಲೆಕ್ಕದಲ್ಲಿ ನೋಡಿದರೆ ಇದು ಧೈರ್ಯವಲ್ಲ, ಜೂಜು.

ಹಾಗಾದರೆ ಎಲ್ಲ ಕಡೆ ಬೇವು, ಹುಣಸೆ ಹಾಕಿಬಿಡಬೇಕೇ? ಅದೂ ಅಲ್ಲ. ಚಳ್ಳಕೆರೆಯ ಅಮೃತಮಹಲ್ ಕಾವಲಿನಂಥ ತೆಳುಮಣ್ಣಿನ ಬಯಲಿನಲ್ಲಿ ಮರ ವಿರಳವಾಗಿರುವುದು ಯಾರೋ ಕಡಿದದ್ದರಿಂದ ಮಾತ್ರವಲ್ಲ, ಅಲ್ಲಿ ಹುಲ್ಲಿನ ಬೇರಿನ ಜಾಲವೇ ಮೇಲ್ಮಣ್ಣಿನ ಮಳೆಯನ್ನು ಹಿಡಿದು ಬಳಸುತ್ತದೆ. ಅಲ್ಲಿ ಗುಂಡಿ ತೋಡಿ ಸಾಲಾಗಿ ಸಸಿ ನೆಡುವುದು ಖರ್ಚಿಗೆ ದಾರಿ.

ನೆಡುವವರಿಗೆ ಕೆಲಸಕ್ಕೆ ಬರುವ ಮಾತು ಈಗ. ಒಣಸೀಮೆಯ ಮರಗಳ ಬೀಜ ಮೊಳೆತ ಮೊದಲ ತಿಂಗಳುಗಳಲ್ಲಿ ಮೇಲೆ ಗೇಣುದ್ದ ಕಾಣುವ ಹೊತ್ತಿಗೆ ಕೆಳಗೆ ಬೇರು ಅದರ ಎಷ್ಟೋ ಪಟ್ಟು ಹೋಗಿರುತ್ತದೆ. ಮಳೆ ನಿಂತು ಮಣ್ಣು ಒಣಗುವುದರೊಳಗೆ ತೇವದ ಪದರ ಹಿಡಿಯಬೇಕಾದ ಓಟ ಅದು. ನರ್ಸರಿಯ ಪಾಲಿಥಿನ್ ಚೀಲದಲ್ಲಿ ಈ ಓಟ ಮೊದಲ ಗೇಣಿಗೇ ನಿಲ್ಲುತ್ತದೆ. ತಾಯಿಬೇರು ತಳಕ್ಕೆ ಮುಟ್ಟಿ, ದಾರಿ ಕಾಣದೆ ಅಲ್ಲೇ ಸುತ್ತಿಕೊಳ್ಳುತ್ತದೆ. ವರ್ಷಕ್ಕೂ ಹೆಚ್ಚು ಚೀಲದಲ್ಲಿದ್ದ ಎತ್ತರದ ಸಸಿ ನೋಡಲು ಚೆಂದ, ನೆಟ್ಟ ಮೇಲೆ ಅದರ ಬೇರು ಸುತ್ತಿಕೊಂಡ ಆಕಾರದಲ್ಲೇ ದಪ್ಪವಾಗುತ್ತ ಹೋಗಿ, ಹತ್ತನೇ ವರ್ಷಕ್ಕೆ ಗಾಳಿಗೆ ಮರ ಬುಡಸಮೇತ ಮಗುಚುತ್ತದೆ. ಸಸಿ ಕೊಳ್ಳುವಾಗ ಎತ್ತರ ನೋಡಬೇಡಿ. ಒಂದು ಚೀಲ ಬಿಚ್ಚಿಸಿ ತಳ ನೋಡಿ. ಬೇರು ಸುತ್ತಿಕೊಂಡಿದ್ದರೆ ಬೇಡ ಎನ್ನಿ, ಇಲ್ಲವೇ ನೆಡುವಾಗ ಸುತ್ತಿದ ಭಾಗವನ್ನು ಹರಿತವಾದ ಚಾಕುವಿನಿಂದ ಕತ್ತರಿಸಿ. ಬೇವು, ಹೊಂಗೆ, ಹುಣಸೆ, ಸೀತಾಫಲಗಳಿಗೆ ಇನ್ನೂ ಒಳ್ಳೆಯದು ಬೀಜವನ್ನೇ ನೆಲಕ್ಕೆ ಊರುವುದು. ಬೇವಿನ ಬೀಜ ಮಾತ್ರ ಹಣ್ಣಾಗಿ ಬಿದ್ದ ಕೆಲವು ವಾರಗಳಲ್ಲೇ ಮೊಳೆಯುವ ಶಕ್ತಿ ಕಳೆದುಕೊಳ್ಳುತ್ತದೆ, ಬೇಗ ಊರಬೇಕು.

ಗುಂಡಿಯ ವಿಷಯ. ಮೂರಡಿ ಉದ್ದ, ಅಗಲ, ಆಳ ಎಂದು ಎಲ್ಲರೂ ಹೇಳುತ್ತಾರೆ. ಕೆಂಪು ನೆಲದಲ್ಲಿ ಅಗಲಕ್ಕಿಂತ ಮುಖ್ಯ ತಳ. ಗುಂಡಿಯ ತಳದಲ್ಲಿ ಸುಣ್ಣದ ಹಾಸೋ ಗಟ್ಟಿ ಗರಸೋ ಸಿಕ್ಕರೆ ಹಾರೆಯಿಂದ ಅದನ್ನು ಒಂದೆರಡು ಕಡೆ ತೂತು ಮಾಡಿ ಕೆಳಗಿನ ಪದರ ತಾಗಿಸಿ. ಆ ತೂತಿನಿಂದ ನೀರು ಇಳಿಯುತ್ತದೆ, ನೀರಿನ ಹಿಂದೆ ಬೇರು. ತಳ ಹಾಗೇ ಬಿಟ್ಟು ಗೊಬ್ಬರ ತುಂಬಿದರೆ ಬೇರಿಗೆ ಅದು ದೊಡ್ಡದೊಂದು ಕುಂಡ ಅಷ್ಟೇ, ಚೆನ್ನಾಗಿ ತಿಂದುಂಡು ಅಲ್ಲೇ ಉಳಿಯುತ್ತದೆ. ಎರೆ ಭೂಮಿಯಲ್ಲಿ ತೊಂದರೆ ಬೇರೆ: ಬೇಸಿಗೆಯಲ್ಲಿ ನೆಲ ಬಾಯಿ ಬಿಟ್ಟಾಗ ಎಳೆಯ ಬೇರುಗಳು ಕಿತ್ತುಹೋಗುತ್ತವೆ, ಮಳೆಗಾಲದಲ್ಲಿ ನೀರು ನಿಂತು ಉಸಿರು ಕಟ್ಟುತ್ತದೆ. ಅಲ್ಲಿ ಜಾಲಿ, ಬನ್ನಿ ತಡೆದುಕೊಳ್ಳುತ್ತವೆ. ಬೇವು ನೀರು ನಿಲ್ಲುವ ಕಡೆ ಏಳುವುದಿಲ್ಲ.

ನೀರು ಕೊಡುವ ರೀತಿಯಲ್ಲೇ ಆಳ ಅರ್ಧ ತೀರ್ಮಾನವಾಗುತ್ತದೆ. ದಿನಾ ಒಂದು ಚೊಂಬು ಹಾಕಿ ಬೆಳೆಸಿದ ಗಿಡ ಗೇಣಾಳದಲ್ಲೇ ಬೇರು ಹರಡಿಕೊಂಡು, ನೀವು ಒಂದು ವಾರ ಊರಿಗೆ ಹೋದರೆ ಬಾಡುತ್ತದೆ. ವಾರಕ್ಕೊಮ್ಮೆ ಎರಡು ಕೊಡ, ಆಮೇಲೆ ಹದಿನೈದು ದಿನಕ್ಕೊಮ್ಮೆ ನಾಲ್ಕು ಕೊಡ ನಿಧಾನವಾಗಿ ಇಂಗಿಸಿದರೆ ತೇವ ಮೂರಡಿಗೆ ಮುಟ್ಟುತ್ತದೆ. ಡ್ರಿಪ್ ಇದ್ದವರೂ ಇದನ್ನೇ ಮಾಡಬೇಕು: ದಿನಾ ಅರ್ಧ ಗಂಟೆ ಬಿಡುವ ಬದಲು ದಿನ ಬಿಟ್ಟು ಹೆಚ್ಚು ಹೊತ್ತು ಬಿಡಿ, ಗಿಡ ಬೆಳೆದಂತೆ ಹನಿಯ ನಳಿಕೆಯನ್ನು ಬುಡದಿಂದ ದೂರಕ್ಕೆ ಸರಿಸಿ. ದೊಡ್ಡ ಮರದ ಬುಡಕ್ಕೆ ನೀರು ಸುರಿದು ಪ್ರಯೋಜನ ಕಡಿಮೆ, ನೀರು ಹೀರುವ ಸಣ್ಣಬೇರುಗಳು ಅಲ್ಲಿಲ್ಲ. ಹೊಲದ ಇಳಿಜಾರಿಗೆ ಅಡ್ಡ ಬದು ಹಾಕಿ, ಮರದ ತಗ್ಗಿನ ಕಡೆ ಅರ್ಧಚಂದ್ರದ ಒಡ್ಡು ಮಾಡಿದರೆ ಓಡುವ ಮಳೆ ಅಲ್ಲೇ ನಿಂತು ಇಂಗುತ್ತದೆ. ನೂರು ಮಿಲಿಮೀಟರ್ ಬಿದ್ದ ಕಡೆ ಮರಕ್ಕೆ ಇನ್ನೂರರ ಲಾಭ.

ಮನೆಯ ಪಾಯದ ಭಯ ಇರುವವರಿಗೆ: ಬೇರು ಗಟ್ಟಿ ಗೋಡೆಯನ್ನು ಕೊರೆದು ಒಳಗೆ ಬರುವುದಿಲ್ಲ, ಇರುವ ಬಿರುಕಿಗೆ ನುಗ್ಗಿ ದಪ್ಪವಾಗಿ ಅದನ್ನು ಅಗಲ ಮಾಡುತ್ತದೆ. ಒಡೆದ ನೀರಿನ ಪೈಪು, ಸೋರುವ ಬಚ್ಚಲು ಇದ್ದರೆ ಅಲ್ಲಿಗೆ ಬೇರು ಬಂದೇ ಬರುತ್ತದೆ. ಬೇವು, ಹೊಂಗೆಯನ್ನು ಮನೆಯಿಂದ ಹದಿನೈದು ಇಪ್ಪತ್ತು ಅಡಿ ದೂರ ನೆಡಿ. ಅರಳಿ, ಆಲ, ಅತ್ತಿಯನ್ನು ಮನೆಯ ಹತ್ತಿರವೂ ಬಾವಿಯ ಹತ್ತಿರವೂ ತರಬೇಡಿ. ಎರೆ ಭೂಮಿಯಲ್ಲಿ ಮನೆ ಕಟ್ಟಿದವರು ಇನ್ನೂ ದೂರ ಇಡಬೇಕು. ಅಲ್ಲಿ ಮರ ಪಾಯದ ಅಡಿಯ ತೇವ ಎಳೆದುಕೊಂಡರೆ ಮಣ್ಣು ಕುಗ್ಗಿ ಗೋಡೆ ಸೀಳುತ್ತದೆ.

ಈ ಹಿಂಗಾರಿಗೆ ಗಿಡ ನೆಡುವ ಆಲೋಚನೆ ಇದ್ದರೆ ಸಸಿಗೆ ದುಡ್ಡು ಕೊಡುವ ಮೊದಲು ಒಂದು ಗುಂಡಿ ತೋಡಿ ನೋಡಿ. ಮೂರಡಿ ಆಳ, ಒಂದೂವರೆ ಅಡಿ ಅಗಲ ಸಾಕು. ಸಂಜೆ ಅದಕ್ಕೆ ಬಾಯಿಮಟ್ಟ ನೀರು ತುಂಬಿಸಿ. ಬೆಳಿಗ್ಗೆಗೆ ಪೂರ್ತಿ ಇಂಗಿದ್ದರೆ ಹುಣಸೆ, ಬೇವು, ಹೊಂಗೆ ಯಾವುದನ್ನಾದರೂ ನೆಡಿ. ಅರ್ಧಕ್ಕಿಂತ ಹೆಚ್ಚು ನೀರು ಉಳಿದಿದ್ದರೆ ತಳದಲ್ಲಿ ಹಾಸು ಇದೆ ಅಥವಾ ಜಿಗುಟು ಮಣ್ಣಿದೆ, ಹಾರೆ ಹಾಕಿ ಒಡೆಯಿರಿ. ಒಡೆದ ಮೇಲೂ ಮರುದಿನ ನೀರು ಹಾಗೇ ನಿಂತಿದ್ದರೆ ಆ ಜಾಗದಲ್ಲಿ ಆಳಬೇರಿನ ಮರ ನೆಡಬೇಡಿ, ಹತ್ತು ಹೆಜ್ಜೆ ಆಚೆ ಇನ್ನೊಂದು ಗುಂಡಿ ತೋಡಿ.